ವೇಲ್ಸ್ ಹಳ್ಳಿಯ ಪತ್ತೇದಾರರು: ನಿಮ್ಮ ಪ್ರಶ್ನೆ, ನನ್ನ ಉತ್ತರ

ಕಳೆದ ಸಂಚಿಕೆಯಲ್ಲಿ ವೇಲ್ಸ್‌ನ ಹಳ್ಳಿಗಳಲ್ಲಿ ನಡೆಯುವ ಪತ್ತೇದಾರಿ ಕಾದಂಬರಿಗಳ ಬಗ್ಗೆ ಒಂದೆರಡು ಪ್ಯಾರಾ ಬರೆದಿದ್ದೆ. ಪೊಲೀಸ್ ಕೆಲಸದವರಲ್ಲದ, ಸುಮ್ನೆ ತಮ್ಮ ಪಾಡಿಗೆ ತಾವಿದ್ದ ಜನ ಊರಿನಲ್ಲೊಂದು ಸಾವು ನಡೆದಾಗ ಅದರ ಜಾಡು ಹಿಡಿದು ಹೊರಡುವ ಕಥೆಗಳು. ಅದಕ್ಕೆ ಇಷ್ಟೊಂದು ಪತ್ರ ಬರುತ್ತವೆ ಅಂದುಕೊಂಡಿರಲಿಲ್ಲ. ಹಾಗಾಗಿ ಈ ಸಲದ ಅಂಕಣ ಪೂರ್ತಿ ಅದಕ್ಕೇ.

ಪ್ರಶ್ನೆ: ಮೇಡಂ, ಕೊಲೆ ಇರುವ ಪುಸ್ತಕವನ್ನು 'ಕೋಜಿ', ಅಂದರೆ ಬೆಚ್ಚಗೆ ನೆಮ್ಮದಿಯಾಗಿರುವುದು, ಅಂತ ಕರೆಯುತ್ತಾರಲ್ಲ, ಕೊಲೆಯಲ್ಲಿ ಎಂಥ ನೆಮ್ಮದಿ? (ನಿವೃತ್ತ ಶಿಕ್ಷಕಿ, ಮೈಸೂರು)

ಉತ್ತರ: ನೆಮ್ಮದಿ ಇರುವುದು ಊರಿನಲ್ಲಿ. ಇಂಥ ಕಥೆಗಳಲ್ಲಿ ಸಾವು ಬಹುಪಾಲು ನಮ್ಮ ಕಣ್ಣ ಮುಂದೆ ನಡೆಯುವುದಿಲ್ಲ. ರಕ್ತ, ಚಿತ್ರಹಿಂಸೆಯ ವರ್ಣನೆ ಇರುವುದಿಲ್ಲ. ಊರು ಚಿಕ್ಕದು, ಎಲ್ಲರಿಗೂ ಎಲ್ಲರ ಗುರುತಿರುತ್ತದೆ. ಪತ್ತೆ ಮಾಡುವವರಿಗೆ ಹೊಟ್ಟೆಪಾಡಿಗೆ ಬೇರೇನೋ ಕೆಲಸ ಇರುತ್ತದೆ. ಎನ್. ನರಸಿಂಹಯ್ಯನವರ ಪತ್ತೇದಾರ ಪುರುಷೋತ್ತಮನನ್ನು ಓದಿ ಬೆಳೆದ ನಮ್ಮ ಹಿಂದಿನ ತಲೆಮಾರಿಗೆ ಪತ್ತೇದಾರ ಅಂದ್ರೆ ಅದೇ ಕಸುಬಿನವನು. ಇಲ್ಲಿ ಹಾಗಲ್ಲ. ಪಕ್ಕದ ಮನೆಯ ಹೆಂಗಸಿನ ಹಾಗೆ ಕಾಣುವ ಒಬ್ಬರು, ಯಾರು ಯಾರಿಗೆ ಏನಾಗಬೇಕು, ಯಾರ ಮನೆಗೆ ಯಾರು ಹೋಗುವುದು ನಿಂತಿತು, ಯಾವಾಗ ನಿಂತಿತು ಅಂತ ಗೊತ್ತಿರುವವರು, ಆ ಗೊತ್ತಿರುವುದರಿಂದಲೇ ಸತ್ಯ ಹುಡುಕುತ್ತಾರೆ. ಕೊನೆಗೆ ಊರು ಮತ್ತೆ ಉಸಿರಾಡುತ್ತದೆ. ನನಗೆ ಇಷ್ಟವಾಗುವುದು ಅದೇ.

ಪ್ರಶ್ನೆ: ನಾನು ಇಂಗ್ಲಿಷ್ ಪುಸ್ತಕ ಓದುವುದು ಕಡಿಮೆ. ವೇಲ್ಸ್ ಕಥೆಗಳಲ್ಲಿ ಯಾವುದರಿಂದ ಶುರು ಮಾಡಲಿ? ಒಂದೇ ಹೇಳಿ ಸಾಕು. (ಬ್ಯಾಂಕ್ ಉದ್ಯೋಗಿ, ಹುಬ್ಬಳ್ಳಿ)

ಉತ್ತರ: ಒಂದೇ ಅಂದರೆ ಎಲಿಸ್ ಪೀಟರ್ಸ್ ಅವರ 'ಎ ಮಾರ್ಬಿಡ್ ಟೇಸ್ಟ್ ಫಾರ್ ಬೋನ್ಸ್'. 1977ರಲ್ಲಿ ಬಂದದ್ದು. ಲೇಖಕಿಯ ನಿಜ ಹೆಸರು ಈಡಿತ್ ಪಾರ್ಜೆಟರ್. ಈ ಸರಣಿ ಶುರು ಮಾಡಿದಾಗ ಅವರಿಗೆ ಅರವತ್ತು ದಾಟಿತ್ತು. ಚಿಕ್ಕ ವಯಸ್ಸಿನಲ್ಲಿ ಔಷಧಿ ಅಂಗಡಿಯಲ್ಲಿ ಕೆಲಸ ಮಾಡಿದವರು, ಅದಕ್ಕೇ ಇವರ ನಾಯಕ ಗಿಡಮೂಲಿಕೆಯ ಸೀಸೆ ಮುಟ್ಟಿದಾಗ ಆ ಕೈಯಲ್ಲಿ ಒಂದು ಅಭ್ಯಾಸ ಕಾಣುತ್ತದೆ.

ನಾಯಕ ಕ್ಯಾಡ್‌ಫೈಲ್. ಹನ್ನೆರಡನೇ ಶತಮಾನದ ಕ್ರೈಸ್ತ ಸನ್ಯಾಸಿ. ಹುಟ್ಟಿದ್ದು ಉತ್ತರ ವೇಲ್ಸ್‌ನ ಕಾನ್ವಿ ಕಣಿವೆಯ ಟ್ರೆವ್ರಿಯು ಎಂಬ ಊರಲ್ಲಿ. ಕ್ರುಸೇಡ್ ಯುದ್ಧಕ್ಕೆ ಹೋಗಿ, ಕಡಲಲ್ಲಿ ಅಲೆದು, ನಡುವಯಸ್ಸಿನಲ್ಲಿ ಗಡಿಯಾಚೆ ಇಂಗ್ಲೆಂಡಿನ ಶ್ರೂಸ್‌ಬರಿ ಮಠ ಸೇರಿ, ಅಲ್ಲಿ ಗಿಡಮೂಲಿಕೆ ತೋಟ ನೋಡಿಕೊಳ್ಳುತ್ತಿರುತ್ತಾನೆ. 1137ರಲ್ಲಿ ಮಠದ ದೊಡ್ಡವರಿಗೆ ಒಂದು ಆಸೆ ಹುಟ್ಟುತ್ತದೆ. ತಮ್ಮ ಮಠಕ್ಕೂ ಒಬ್ಬ ಸಂತರ ಮೂಳೆ ಬೇಕು. ವೇಲ್ಸ್‌ನ ಗ್ವಿಥೆರಿನ್ ಎಂಬ ಹಳ್ಳಿಯಲ್ಲಿ ವಿನಿಫ್ರೆಡ್ ಎಂಬ ಸಂತಳ ಸಮಾಧಿ ಇದೆ, ಅದನ್ನು ಅಗೆದು ತರೋಣ ಅಂತ ಹೊರಡುತ್ತಾರೆ. ಹಳ್ಳಿಯ ಜನರ ಭಾಷೆ ವೆಲ್ಷ್, ಅದು ಇವರಿಗೆ ಬಾರದು. ಹಾಗಾಗಿ ಮಾತು ತಿಳಿಸಲು ಕ್ಯಾಡ್‌ಫೈಲ್‌ನನ್ನು ಕರೆದುಕೊಂಡು ಹೋಗುತ್ತಾರೆ. ಊರಿನ ಒಬ್ಬ ಹಿರಿಯ ಜಮೀನುದಾರ 'ನಮ್ಮಮ್ಮನನ್ನು ಕೊಡುವುದಿಲ್ಲ' ಎನ್ನುವ ಹಾಗೆ ಎದುರು ನಿಲ್ಲುತ್ತಾನೆ. ಸ್ವಲ್ಪ ದಿನಕ್ಕೆ ಕಾಡಿನಲ್ಲಿ ಅವನ ಹೆಣ ಸಿಗುತ್ತದೆ, ಎದೆಯಲ್ಲಿ ಬಾಣ. ಇದಕ್ಕಿಂತ ಮುಂದೆ ಹೇಳುವುದಿಲ್ಲ.

ಆ ಮೂಳೆಗಳನ್ನು 1138ರಲ್ಲಿ ಶ್ರೂಸ್‌ಬರಿಗೆ ತಂದದ್ದು ಇತಿಹಾಸ, ಕಲ್ಪನೆಯಲ್ಲ. ಲೇಖಕಿ ಆ ನಿಜದ ಸುತ್ತ ಕಥೆ ಕಟ್ಟಿದ್ದಾರೆ. ನನಗೆ ಈ ಪುಸ್ತಕ ಯಾಕೆ ಮೊದಲು ಅಂದ್ರೆ, ಎರಡೂ ಭಾಷೆ ಬಲ್ಲವನೇ ಇಲ್ಲಿ ಪತ್ತೇದಾರ. ಒಂದು ಕಡೆಯವರು ಹೇಳಿದ್ದನ್ನು ಇನ್ನೊಂದು ಕಡೆಗೆ ದಾಟಿಸುವಾಗ ಏನು ಉಳಿಯಿತು, ಏನು ಬಿತ್ತು ಎಂಬುದು ಅವನೊಬ್ಬನಿಗೇ ಗೊತ್ತು. ಗಡಿನಾಡಿನಲ್ಲಿ ಬೆಳೆದ ಕನ್ನಡಿಗರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ, ಅಲ್ವಾ?

ಇನ್ನೂ ಹಗುರವಾದ, ಈ ಕಾಲದ ಕಥೆ ಬೇಕು ಅನಿಸಿದರೆ ಎಲಿಜಬೆತ್ ಜೆ. ಡಂಕನ್ ಅವರ 'ದಿ ಕೋಲ್ಡ್ ಲೈಟ್ ಆಫ್ ಮೌರ್ನಿಂಗ್' (2009) ಹಿಡಿಯಿರಿ. ಉತ್ತರ ವೇಲ್ಸ್‌ನ ಕಾಲ್ಪನಿಕ ಊರಿನಲ್ಲಿ ಪೆನಿ ಬ್ರಾನಿಗನ್ ಎಂಬ ಕೆನಡಾ ಮೂಲದ ಹೆಂಗಸು ಉಗುರು ಸಿಂಗಾರದ ಅಂಗಡಿ ಇಟ್ಟಿರುತ್ತಾಳೆ. ಮದುವೆಯ ದಿನವೇ ವಧು ಕಾಣೆಯಾಗುತ್ತಾಳೆ. ಕೈ ಹಿಡಿದು ಕೂತರೆ ಜನ ಎಷ್ಟು ಮಾತಾಡುತ್ತಾರೆ ಅನ್ನುವುದು ಬ್ಯೂಟಿ ಪಾರ್ಲರಿಗೆ ಹೋದವರಿಗೆಲ್ಲ ಗೊತ್ತು. ಈ ಕಥೆ ನಿಂತಿರುವುದೇ ಅದರ ಮೇಲೆ.

ಪ್ರಶ್ನೆ: ವೇಲ್ಸ್ ಕಥೆಗಳಲ್ಲಿ ಎಲ್ಲರೂ ಎವನ್ಸ್, ಜೋನ್ಸ್, ಡೇವಿಸ್. ಯಾರು ಯಾರು ಅಂತ ಗೊಂದಲ. ಲೇಖಕರಿಗೆ ಬೇರೆ ಹೆಸರು ಸಿಗಲಿಲ್ಲವೇ? (ಕಾಲೇಜು ವಿದ್ಯಾರ್ಥಿ, ತುಮಕೂರು)

ಉತ್ತರ: ಲೇಖಕರ ತಪ್ಪಲ್ಲ, ಊರೇ ಹಾಗಿದೆ. ಹಿಂದೆ ವೇಲ್ಸ್‌ನಲ್ಲಿ ಮನೆತನದ ಹೆಸರು ಇರಲಿಲ್ಲ. 'ಇಂಥವನ ಮಗ ಇಂಥವನು' ಅಂತ ಹೇಳುತ್ತಿದ್ದರು. ಮಗ ಅನ್ನುವುದಕ್ಕೆ 'ಆಪ್' ಅಥವಾ 'ಆಬ್'. ಕ್ಯಾಡ್‌ಫೈಲ್ ಕೂಡ ತನ್ನನ್ನು ಕ್ಯಾಡ್‌ಫೈಲ್ ಆಪ್ ಮೈಲಿರ್ ಆಪ್ ದಾವಿದ್ ಅಂತಲೇ ಹೇಳಿಕೊಳ್ಳುವುದು. ನಾವು ಅಪ್ಪನ ಹೆಸರನ್ನು ಇನಿಷಿಯಲ್ ಮಾಡಿ ಮುಂದಿಡುತ್ತೇವಲ್ಲ, ಹೆಚ್ಚು ಕಡಿಮೆ ಹಾಗೆ. ಹದಿನಾರನೇ ಶತಮಾನದಲ್ಲಿ ಇಂಗ್ಲೆಂಡಿನ ಕಾನೂನು ಬಂದ ಮೇಲೆ ನಿಧಾನವಾಗಿ ಅಪ್ಪನ ಹೆಸರೇ ಮನೆತನದ ಹೆಸರಾಗಿ ಗಟ್ಟಿಯಾಯಿತು. ಆಪ್ ರೀಸ್ ಹೋಗಿ ಪ್ರೈಸ್ ಆಯಿತು, ಆಪ್ ಹವೆಲ್ ಹೋಗಿ ಪೊವೆಲ್, ಆಬ್ ಎವನ್ ಹೋಗಿ ಬೆವನ್. ಆಗ ಚಾಲ್ತಿಯಲ್ಲಿದ್ದ ಗಂಡು ಹೆಸರುಗಳೇ ಕಡಿಮೆ. ಹಾಗಾಗಿ ಊರು ತುಂಬ ಜೋನ್ಸ್ ಮತ್ತು ಎವನ್ಸ್.

ಅದಕ್ಕೆ ಜನ ಕಂಡುಕೊಂಡ ದಾರಿ ನಮ್ಮೂರಿನದೇ. ಹಾಲಿನ ರಾಮಣ್ಣ, ಪೋಸ್ಟ್ ರಾಮಣ್ಣ ಅಂತ ಕರೆಯುತ್ತೇವಲ್ಲ, ಅವರೂ ಕಸುಬು ಸೇರಿಸಿ ಕರೆಯುತ್ತಾರೆ. ರೀಸ್ ಬೋವೆನ್ ಅವರ ಸರಣಿಯಲ್ಲಿ (1997ರಲ್ಲಿ ಶುರುವಾಯಿತು) ಸ್ನೋಡೋನಿಯಾ ಬೆಟ್ಟದ ಹಳ್ಳಿಯೊಂದರಲ್ಲಿ ಮಾಂಸದ ಎವನ್ಸ್, ಹಾಲಿನ ಎವನ್ಸ್, ಪೋಸ್ಟ್ ಎವನ್ಸ್ ಮೂವರೂ ಇದ್ದಾರೆ. ನಾಯಕನ ಹೆಸರೂ ಎವನ್ ಎವನ್ಸ್. ಇವನು ಊರಿನ ಕಾನ್‌ಸ್ಟೇಬಲ್, ಅಂದರೆ ಹವ್ಯಾಸಿ ಪತ್ತೇದಾರನಲ್ಲ. ಆದರೂ ಎದುರುಬದುರು ಇರುವ ಎರಡು ಪ್ರಾರ್ಥನಾ ಮಂದಿರಗಳ ಪಾದ್ರಿಗಳ ಪೈಪೋಟಿ, ಹಳ್ಳಿಯ ಪಬ್ಬು, ಶಾಲೆಯ ಟೀಚರ್ ಎಲ್ಲ ಸೇರಿ ಇದೂ ಅದೇ ಬೆಚ್ಚನೆಯ ಲೋಕ.

ಅಗಾಥಾ ಕ್ರಿಸ್ಟಿ ಈ ಹೆಸರಿನ ಮೇಲೇ ಒಂದು ಪೂರ್ತಿ ಕಾದಂಬರಿ ನಿಲ್ಲಿಸಿದರು, 1934ರಲ್ಲಿ. ವೇಲ್ಸ್‌ನ ಕಡಲತೀರದಲ್ಲಿ ಗಾಲ್ಫ್ ಆಡುತ್ತಿದ್ದ ಪಾದ್ರಿಯ ಮಗ ಬಂಡೆಯ ಕೆಳಗೆ ಬಿದ್ದ ಒಬ್ಬನನ್ನು ನೋಡುತ್ತಾನೆ. ಆ ಮನುಷ್ಯ ಸಾಯುವ ಮುಂಚೆ ಕಣ್ಣು ತೆರೆದು ಒಂದೇ ಮಾತು ಕೇಳುತ್ತಾನೆ: 'ಅವರು ಎವನ್ಸ್‌ನ ಯಾಕೆ ಕೇಳಲಿಲ್ಲ?' ವೇಲ್ಸ್‌ನಲ್ಲಿ ಎವನ್ಸ್ ಯಾರು ಅಂತ ಹುಡುಕುವುದು ನಮ್ಮ ಹಳೇ ಮೈಸೂರಿನ ಜಾತ್ರೆಯಲ್ಲಿ ಮಂಜಣ್ಣ ಯಾರು ಅಂತ ಹುಡುಕಿದ ಹಾಗೆ. ಕಥೆ ಚುರುಕಾಗಿದೆ. ಆದರೆ ಅದರಲ್ಲಿ ವೇಲ್ಸ್ ಬರೀ ಹಿನ್ನೆಲೆ ಪರದೆ, ಆ ಮಣ್ಣಿನ ಮಾತು ಕಿವಿಗೆ ಬೀಳುವುದಿಲ್ಲ. ಅದೊಂದು ಕೊರತೆ ನನಗೆ ಪ್ರತಿ ಸಲ ಓದಿದಾಗಲೂ ಅನಿಸುತ್ತದೆ.

ಪ್ರಶ್ನೆ: ಆ ಊರಿನ ಹೆಸರುಗಳನ್ನು ಓದುವುದೇ ಕಷ್ಟ. 'ಲ್ಲಾನ್' ಅಂತ ಶುರುವಾಗುವ ಊರು ಎಷ್ಟಿವೆ! ಅರ್ಥ ಏನು, ಹೇಗೆ ಹೇಳಬೇಕು? (ಗೃಹಿಣಿ, ದಾವಣಗೆರೆ)

ಉತ್ತರ: ಈ ಪ್ರಶ್ನೆ ಬಂದದ್ದು ನನಗೆ ತುಂಬಾ ಖುಷಿ, ಯಾಕಂದ್ರೆ ಇಲ್ಲಿ ನಮಗೊಂದು ಉಡುಗೊರೆ ಕಾದಿದೆ.

ಮೊದಲು ಆ ಅಕ್ಷರ. ನಾಲಿಗೆಯನ್ನು 'ಲ' ಹೇಳುವ ಜಾಗದಲ್ಲಿ ಇಡಿ. ಕಂಠದಿಂದ ಸ್ವರ ಹೊರಡಿಸಬೇಡಿ. ನಾಲಿಗೆಯ ಪಕ್ಕದಿಂದ ಉಸಿರು ಮಾತ್ರ ಊದಿ. ಬಂದ ಸದ್ದೇ ಅದು. ಕನ್ನಡದಲ್ಲಿ ಅದಕ್ಕೆ ಅಕ್ಷರವಿಲ್ಲ, ಸುಮ್ನೆ 'ಲ್ಲ' ಅಂತ ಬರೆದು ಕೆಲಸ ನಡೆಸಿಕೊಳ್ಳುತ್ತೇವೆ. 'ಲ್ಲಾನ್' ಅಂದ್ರೆ ಮೊದಲು ಬೇಲಿ ಹಾಕಿದ ಜಾಗ, ಆಮೇಲೆ ಚರ್ಚು, ಆಮೇಲೆ ಆ ಚರ್ಚಿನ ಊರು. ಮುಂದೆ ಸಂತರ ಹೆಸರು ಬರುತ್ತದೆ. ಲ್ಲಾನ್‌ಡಿಡ್‌ನೊ ಅಂದರೆ ಟಿಡ್‌ನೊ ಸಂತನ ಚರ್ಚಿನ ಊರು.

ಗಮನಿಸಿದಿರಾ? ಟಿಡ್‌ನೊ ಇದ್ದದ್ದು ಡಿಡ್‌ನೊ ಆಯಿತು. ಮೈರ್ ಅಂದ್ರೆ ಮೇರಿ ಮಾತೆ, ಆದರೆ ಅವಳ ಹೆಸರಿನ ಊರು ಲ್ಲಾನ್‌ವೈರ್. ಬೆಕ್ಕು 'ಕಾಥ್', 'ಆ ಬೆಕ್ಕು' ಅನ್ನುವಾಗ 'ಅ ಗಾಥ್'. ಸೇತುವೆ 'ಪೊಂಟ್', ಅದೇ 'ಅ ಬೊಂಟ್'. ಊರು 'ಟ್ರೆವ್', ಅದೇ 'ಅ ಡ್ರೆವ್'.

ಈಗ ಹೈಸ್ಕೂಲಿನ ವ್ಯಾಕರಣದ ಪುಸ್ತಕ ನೆನಪು ಮಾಡಿಕೊಳ್ಳಿ. ಮಳೆ ಮತ್ತು ಕಾಲ ಸೇರಿ ಮಳೆಗಾಲ. ಬೆಟ್ಟ ಮತ್ತು ತಾವರೆ ಸೇರಿ ಬೆಟ್ಟದಾವರೆ. ಕಣ್ ಮತ್ತು ಪನಿ ಸೇರಿ ಕಂಬನಿ. ಕ ತ ಪ ಹೋಗಿ ಗ ದ ಬ. ಆದೇಶ ಸಂಧಿ! ನಮ್ಮ ತ, ದ ಜಾಗದಲ್ಲಿ ಅವರಿಗೆ ಟ, ಡ ಇವೆ ಅಷ್ಟೆ. ಹಳಗನ್ನಡದಲ್ಲಿ ಮೆಲ್ ಮತ್ತು ಮಾತು ಸೇರಿ ಮೆಲ್ವಾತು ಆಗುತ್ತಿತ್ತಲ್ಲ, ಮೈರ್ ಹೋಗಿ ವೈರ್ ಆದದ್ದೂ ಅದೇ ದಾರಿ. ಎರಡು ಭಾಷೆಗೂ ಯಾವ ನೆಂಟಸ್ತಿಕೆಯೂ ಇಲ್ಲ, ನಡುವೆ ಸಾವಿರಾರು ಮೈಲಿ ಇದೆ. ನಿಯಮವೂ ಪೂರ್ತಿ ಒಂದೇ ಅಲ್ಲ, ನಮ್ಮಲ್ಲಿ ಎರಡು ಪದ ಸೇರಿದಾಗ ಆಗುವುದು ಅವರಲ್ಲಿ ವ್ಯಾಕರಣದ ಬೇರೆ ಬೇರೆ ಕಾರಣಕ್ಕೆ ಆಗುತ್ತದೆ. ಆದರೆ ನಾಲಿಗೆ ಹೊರಳುವ ರೀತಿ ಒಂದೇ. ಇದು ಮೊದಲು ಹೊಳೆದ ದಿನ ಪುಸ್ತಕ ಮಡಚಿಟ್ಟು ಸ್ವಲ್ಪ ಹೊತ್ತು ಸುಮ್ಮನೆ ಕೂತಿದ್ದೆ.

ಇನ್ನೊಂದು ಸಣ್ಣ ಸೂತ್ರ. ವೆಲ್ಷ್ ಬರಹದಲ್ಲಿ ಒಂದು ಎಫ್ ಇದ್ದರೆ 'ವ', ಎರಡು ಎಫ್ ಇದ್ದರೆ ಮಾತ್ರ 'ಫ'. ಹಾಗಾಗಿ ಕ್ಯಾಡ್‌ಫೈಲ್ ಅಂತ ಟಿವಿಯಲ್ಲಿ ಕೇಳುವ ಹೆಸರು ಅವನ ಹುಟ್ಟೂರಿನಲ್ಲಿ ಕಾಡ್‌ವೈಲ್.

ಪ್ರಶ್ನೆ: ಪೊಲೀಸರು ಇರುವಾಗ ಸನ್ಯಾಸಿ, ಪಾರ್ಲರ್ ಆಂಟಿ ಇವರೆಲ್ಲ ಯಾಕೆ ತನಿಖೆಗೆ ಇಳಿಯುತ್ತಾರೆ? ನಂಬುವುದು ಕಷ್ಟ. (ವಕೀಲರು, ಕಲಬುರಗಿ)

ಉತ್ತರ: ನಿಮ್ಮ ಕಸುಬಿನವರಿಗೆ ಹೀಗನ್ನಿಸುವುದು ಸಹಜ. ಈ ಕಾಲದ ಕಥೆಗಳಲ್ಲಿ ಸ್ವಲ್ಪ ಕಣ್ಣು ಮುಚ್ಚಿಕೊಳ್ಳಲೇಬೇಕು. ವೇಲ್ಸ್‌ಗೆ ಇರುವುದು ನಾಲ್ಕೇ ಪೊಲೀಸ್ ಪಡೆ. ಅದರಲ್ಲಿ ಡವೆಡ್-ಪೊವಿಸ್ ಪಡೆಗೆ ಇಂಗ್ಲೆಂಡ್ ಮತ್ತು ವೇಲ್ಸ್ ಎರಡರಲ್ಲೂ ಎಲ್ಲಕ್ಕಿಂತ ದೊಡ್ಡ ಪ್ರದೇಶ ನೋಡಿಕೊಳ್ಳುವ ಜವಾಬ್ದಾರಿ. ಬರೀ ಬೆಟ್ಟ, ಕುರಿ, ಕಿರಿದಾದ ರಸ್ತೆ. ಠಾಣೆ ದೂರ, ಪಕ್ಕದ ಮನೆ ಹತ್ತಿರ. ಆ ದೂರವನ್ನೇ ಲೇಖಕರು ಬಳಸಿಕೊಳ್ಳುತ್ತಾರೆ.

ನಿಮಗೆ ಹಿಡಿಸುವ ಲೇಖಕಿ ಬೇರೆ ಇದ್ದಾರೆ. ಅಲಿಸ್ ಹಾಕಿನ್ಸ್. ಅವರ 'ನನ್ ಸೋ ಬ್ಲೈಂಡ್' (2018) 1850ರ ಹೊತ್ತಿನ ಪಶ್ಚಿಮ ವೇಲ್ಸ್‌ನ ಟೈವಿ ಕಣಿವೆಯ ಕಥೆ. ನಾಯಕ ಹ್ಯಾರಿ ನಿಮ್ಮ ಹಾಗೇ ವಕೀಲ, ದೃಷ್ಟಿ ಕಳೆದುಕೊಳ್ಳುತ್ತಾ ಲಂಡನ್ ಬಿಟ್ಟು ಊರಿಗೆ ಬಂದಿದ್ದಾನೆ. ಒಬ್ಬ ಯುವ ಗುಮಾಸ್ತ ಅವನಿಗೆ ಕಣ್ಣಾಗುತ್ತಾನೆ. ಆ ಕಾಲದಲ್ಲಿ ಅನುಮಾನದ ಸಾವು ಆದರೆ ಕರೋನರ್, ಅಂದರೆ ಸಾವಿನ ಕಾರಣ ವಿಚಾರಿಸುವ ಅಧಿಕಾರಿ, ಬಂದು ಊರಿನವರನ್ನೇ ಜ್ಯೂರಿ ಕೂರಿಸಿ, ಬಹಳ ಸಲ ಹಳ್ಳಿಯ ಪಬ್ಬಿನಲ್ಲೇ, ವಿಚಾರಣೆ ನಡೆಸುತ್ತಿದ್ದ. ಆ ಹುದ್ದೆಗೆ ಚುನಾವಣೆಯಲ್ಲಿ ಗೆದ್ದು ಬರಬೇಕಿತ್ತು. ಕಥೆಯ ಹಿಂದೆ ರೆಬೆಕಾ ದಂಗೆಯ ನೆರಳಿದೆ. 1839ರಿಂದ 1843ರವರೆಗೆ ಅಲ್ಲಿಯ ರೈತರು ಹೆಂಗಸರ ಬಟ್ಟೆ ತೊಟ್ಟು, ಮುಖಕ್ಕೆ ಮಸಿ ಬಳಿದುಕೊಂಡು ರಾತ್ರಿ ಬಂದು ಟೋಲ್ ಗೇಟು ಒಡೆಯುತ್ತಿದ್ದರು. ಸುಣ್ಣ ತರಲು, ದನ ಹೊಡೆದುಕೊಂಡು ಹೋಗಲು, ಹೆಜ್ಜೆಗೊಂದು ಕಡೆ ದುಡ್ಡು ಕೊಟ್ಟು ಬೇಸತ್ತಿದ್ದರು. ಮಸಿಯ ಹಿಂದೆ ಯಾರ ಮುಖ ಇತ್ತು ಅಂತ ಊರಿಗೆಲ್ಲ ಗೊತ್ತು, ಯಾರೂ ಬಾಯಿ ಬಿಡುವುದಿಲ್ಲ. ಇದು ಅಷ್ಟೇನೂ ಹಗುರವಾದ ಪುಸ್ತಕವಲ್ಲ, ಮೊದಲೇ ಹೇಳಿಬಿಡುತ್ತೇನೆ.

ಪ್ರಶ್ನೆ: ಕೊಲೆಯಂಥ ವಿಷಯವನ್ನು ಟೀ ಬಿಸ್ಕತ್ತಿನ ಜೊತೆ ಓದುವ ಹಾಗೆ ಮಾಡುವುದು ಸರಿಯೇ? ನಮ್ಮ ಮನೆಯಲ್ಲಿ ಹಾಗೊಂದು ಸಾವು ನಡೆದಿದೆ. ನನಗೆ ಓದಲಾಗಲಿಲ್ಲ. (ಹೆಸರು, ಊರು ಬೇಡ)

ಉತ್ತರ: ನಿಮ್ಮ ಪತ್ರವನ್ನು ಎರಡು ಸಲ ಓದಿದೆ. ನಿಮಗೆ ಓದಲಾಗದಿದ್ದರೆ ಓದಬೇಡಿ, ಅದರಲ್ಲಿ ಯಾವ ತಪ್ಪೂ ಇಲ್ಲ. ಸತ್ತವರನ್ನು ಬರೀ ಒಗಟಿನ ಒಂದು ತುಂಡು ಮಾಡುವ ಪುಸ್ತಕಗಳು ಈ ಬಗೆಯಲ್ಲಿ ಬೇಕಾದಷ್ಟಿವೆ. ನಾನೂ ಅಂಥದ್ದನ್ನು ಅರ್ಧಕ್ಕೆ ಬಿಟ್ಟಿದ್ದೇನೆ. ಒಳ್ಳೆಯವು ಹಾಗೆ ಮಾಡುವುದಿಲ್ಲ. ಗ್ವಿಥೆರಿನ್ ಕಥೆಯಲ್ಲಿ ಸತ್ತವನಿಗೆ ಒಬ್ಬಳೇ ಮಗಳು. ಕೊಂದವರು ಯಾರು ಎಂಬುದರಷ್ಟೇ ಮುಖ್ಯವಾಗಿ, ಆ ಹುಡುಗಿ ತನ್ನ ಅಪ್ಪನನ್ನು ಹೇಗೆ ಕಳಿಸಿಕೊಟ್ಟಳು ಅನ್ನುವುದನ್ನು ಲೇಖಕಿ ಬರೆಯುತ್ತಾರೆ. ಎಂದಾದರೂ ಮನಸ್ಸಾದರೆ ಅಲ್ಲಿಂದ ನೋಡಿ. ಆಗದಿದ್ದರೆ ಬೇಡ.

ಪ್ರಶ್ನೆ: ಈ ಪುಸ್ತಕಗಳಲ್ಲಿ ಪುಟಕ್ಕೊಂದು ಸಲ ತಿನ್ನುವ ವೆಲ್ಷ್ ಕೇಕ್, ಬಾರಾ ಬ್ರೀತ್ ಅಂದ್ರೇನು? ಓವನ್ ಇಲ್ಲದೆ ಮಾಡಬಹುದಾ? (ಉಡುಪಿ)

ಉತ್ತರ: ಬಾರಾ ಬ್ರೀತ್ ಅಂದ್ರೆ ಚುಕ್ಕೆ ಬ್ರೆಡ್. ಒಣದ್ರಾಕ್ಷಿಯನ್ನು ರಾತ್ರಿಯಿಡೀ ಗಟ್ಟಿ ಟೀ ಡಿಕಾಕ್ಷನ್‌ನಲ್ಲಿ ನೆನೆಹಾಕಿ ಮಾಡುವುದು. ಅದಕ್ಕೆ ಓವನ್ ಬೇಕು. ವೆಲ್ಷ್ ಕೇಕ್‌ಗೆ ಬೇಡ, ಅದನ್ನು ಅವರು ಮಾಡುವುದೇ ದಪ್ಪ ಕಬ್ಬಿಣದ ಕಾವಲಿಯ ಮೇಲೆ. ಉಡುಪಿಯಲ್ಲಿ ದೋಸೆ ಕಾವಲಿ ಇಲ್ಲದ ಮನೆ ಎಲ್ಲಿದೆ?

ನಾನು ಮಾಡುವ ಲೆಕ್ಕ: ಮೈದಾ 225 ಗ್ರಾಂ, ಅದಕ್ಕೆ ಒಂದೂವರೆ ಟೀ ಚಮಚ ಬೇಕಿಂಗ್ ಪೌಡರ್, ಚಿಟಿಕೆ ಉಪ್ಪು, ಸ್ವಲ್ಪ ಜಾಯಿಕಾಯಿ ಪುಡಿ. ತಣ್ಣಗಿನ ಬೆಣ್ಣೆ 110 ಗ್ರಾಂ. ಬೆಣ್ಣೆಯನ್ನು ಹಿಟ್ಟಿಗೆ ಬೆರಳ ತುದಿಯಲ್ಲಿ ಉಜ್ಜುತ್ತಾ ಹೋಗಿ, ಅವಲಕ್ಕಿ ನುಚ್ಚಿನ ಹಾಗೆ ಪುಡಿ ಪುಡಿ ಆಗಬೇಕು, ಅಂಗೈ ತಾಗಿಸಿದರೆ ಬೆಣ್ಣೆ ಕರಗಿ ಕೆಡುತ್ತದೆ. ಸಕ್ಕರೆ 80 ಗ್ರಾಂ, ಸಣ್ಣ ಒಣದ್ರಾಕ್ಷಿ ಒಂದು ಹಿಡಿ. ಒಂದು ಮೊಟ್ಟೆ ಒಡೆದು ಹಾಕಿ ಕಲಸಿ, ಮೊಟ್ಟೆ ಬೇಡದವರು ಹಾಲು ಚಿಮುಕಿಸಿ. ಚಪಾತಿ ಹಿಟ್ಟಿನ ಹಾಗೆ ನಾದಬೇಡಿ. ಅರ್ಧ ಸೆಂಟಿಮೀಟರಿಗಿಂತ ಸ್ವಲ್ಪ ದಪ್ಪ ಲಟ್ಟಿಸಿ, ಲೋಟದ ಬಾಯಲ್ಲಿ ಕತ್ತರಿಸಿ. ಕಾವಲಿ ಸಣ್ಣ ಉರಿಯಲ್ಲಿರಲಿ. ದೋಸೆಯ ಕಾವು ಇದಕ್ಕೆ ಜಾಸ್ತಿ, ಹೊರಗೆ ಸೀದು ಒಳಗೆ ಹಸಿ ಉಳಿಯುತ್ತದೆ. ಒಂದೊಂದು ಬದಿ ಮೂರು ನಾಲ್ಕು ನಿಮಿಷ. ಬಿಸಿ ಇರುವಾಗಲೇ ಸಕ್ಕರೆಯಲ್ಲಿ ಹೊರಳಿಸಿ.

ಪ್ರಶ್ನೆ: ನಮ್ಮಜ್ಜನ ಊರು ಲಿಂಗನಮಕ್ಕಿ ಮುಳುಗಡೆಯಲ್ಲಿ ಹೋಯಿತು. ವೇಲ್ಸ್‌ನಲ್ಲೂ ಮುಳುಗಿದ ಊರುಗಳಿವೆಯಂತೆ, ನಿಜವೇ? (ಸಾಗರ)

ಉತ್ತರ: ನಿಜ. ನಿಮ್ಮ ಲಿಂಗನಮಕ್ಕಿ 1964. ಅಲ್ಲಿ ಕಾಪೆಲ್ ಕೆಲಿನ್ ಎಂಬ ಹಳ್ಳಿ 1965ರಲ್ಲಿ ಟ್ರವೆರಿನ್ ಕಣಿವೆಯ ನೀರಿನಡಿ ಹೋಯಿತು. ನೀರು ಬೇಕಾದದ್ದು ಇಂಗ್ಲೆಂಡಿನ ಲಿವರ್‌ಪೂಲ್ ನಗರಕ್ಕೆ. ಲಂಡನ್ ಪಾರ್ಲಿಮೆಂಟಿನಲ್ಲಿ ಅದಕ್ಕೆ ಕಾಯಿದೆ ತಂದಾಗ ವೇಲ್ಸ್‌ನ ಒಬ್ಬ ಸಂಸದನೂ ಪರವಾಗಿ ಮತ ಹಾಕಲಿಲ್ಲ, ಆದರೂ ಪಾಸಾಯಿತು. ಶಾಲೆ, ಪೋಸ್ಟ್ ಆಫೀಸು, ಪ್ರಾರ್ಥನಾ ಮಂದಿರ, ಹೊಲಮನೆಗಳು ಎಲ್ಲ ಹೋದವು. ವೆಲ್ಷ್ ಬಿಟ್ಟು ಬೇರೆ ಭಾಷೆ ಮನೆಯಲ್ಲಿ ಆಡದ ಊರು ಅದು. ಕೆಲವು ಸಮಾಧಿಗಳನ್ನು ಬೇರೆ ಕಡೆಗೆ ಸಾಗಿಸಿದರು, ಉಳಿದವುಗಳ ಮೇಲೆ ಕಾಂಕ್ರೀಟ್ ಹಾಕಿದರು. ಲಿವರ್‌ಪೂಲ್ ನಗರಸಭೆ ಕ್ಷಮೆ ಕೇಳಿದ್ದು 2005ರಲ್ಲಿ, ನಲವತ್ತು ವರ್ಷದ ಮೇಲೆ.

ಪಶ್ಚಿಮ ಕರಾವಳಿಯ ರಸ್ತೆ ಬದಿಯ ಪಾಳುಗೋಡೆಯೊಂದರ ಮೇಲೆ 'ಕೊವಿಯುಖ್ ಡ್ರವೆರಿನ್' ಅಂತ ಕೆಂಪು ಬಣ್ಣದ ಮೇಲೆ ಬಿಳಿ ಅಕ್ಷರದಲ್ಲಿ ಬರೆದಿದೆ. ಟ್ರವೆರಿನ್ ಮರೆಯಬೇಡಿ ಅಂತ. ಮೊದಲು ಬರೆದಾಗ 'ಟ' ಹಾಗೇ ಉಳಿದಿತ್ತು. ಆಮೇಲೆ ಯಾರೋ ಅದನ್ನು ತಿದ್ದಿ, ಇರಬೇಕಾದ ಹಾಗೆ 'ಡ' ಮಾಡಿದರು. ಆ ಗೋಡೆ ಎಷ್ಟು ಸಲ ಕೆಡಿಸಿದರೂ ಜನ ಮತ್ತೆ ಬರೆಯುತ್ತಾರೆ.

ಬೆಚ್ಚನೆಯ ಕಥೆಗಳಲ್ಲಿ ಈ ನೋವು ಅಪರೂಪಕ್ಕೆ ಬರುತ್ತದೆ, ಬಂದರೂ ಒಂದು ಸಾಲಿನಲ್ಲಿ. ಅದು ಇನ್ನೂ ಜಾಸ್ತಿ ಬರಬೇಕು ಅಂತ ನನ್ನ ಆಸೆ. ನೀರು ಇಳಿದ ಬೇಸಿಗೆಯಲ್ಲಿ ಹಳೇ ಗೋಡೆ ಎದ್ದು ಕಂಡಾಗ ಜನ ಹೋಗಿ ನಿಲ್ಲುತ್ತಾರೆ ಅನ್ನುವುದು ನಿಮಗೆ ನನಗಿಂತ ಚೆನ್ನಾಗಿ ಗೊತ್ತಿದೆ.

ಪ್ರಶ್ನೆ: ಅಕ್ಕಾ, ನಾನು ಪಶ್ಚಿಮ ವೇಲ್ಸ್‌ನಲ್ಲಿ ನರ್ಸ್. ಮನೆ ಮನೆಗೆ ಹೋಗಿ ವಯಸ್ಸಾದವರಿಗೆ ಡ್ರೆಸ್ಸಿಂಗ್, ಇಂಜೆಕ್ಷನ್ ಮಾಡುವ ಕೆಲಸ. ಊರು ಚನ್ನರಾಯಪಟ್ಟಣದ ಹತ್ತಿರ. ಕನ್ನಡದಲ್ಲಿ ಇಂಥದ್ದೊಂದು ಕಾದಂಬರಿ ಬರೆಯುವ ಆಸೆ. ಹೊರಗಿನವಳು ಬರೆದರೆ ನಡೆಯುತ್ತದಾ?

ಉತ್ತರ: ನಡೆಯುತ್ತದೆ ತಂಗಿ, ಬರಿ. ಪೆನಿ ಬ್ರಾನಿಗನ್ ಕೂಡ ಹೊರಗಿನವಳೇ. ನಿನ್ನ ಕೆಲಸದಂಥ ಕೆಲಸ ಪತ್ತೇದಾರಿ ಬರೆಯುವವರಿಗೆ ಸಿಕ್ಕುವುದೇ ಕಷ್ಟ. ಎಲ್ಲರ ಮನೆಯ ಹಿಂಬಾಗಿಲೂ ನಿನಗೆ ಗೊತ್ತು. ಯಾವ ಅಜ್ಜಿಯ ಮಾತ್ರೆ ಡಬ್ಬಿಯಲ್ಲಿ ಬುಧವಾರದ ಮಾತ್ರೆ ಉಳಿದಿದೆ, ಯಾರ ಮನೆಯ ಮೇಜಿನ ಮೇಲೆ ಇವತ್ತು ಎರಡು ಲೋಟ ಇದೆ ಅಂತ ನಿನ್ನ ಕಣ್ಣಿಗೆ ಬಿದ್ದೇ ಬೀಳುತ್ತದೆ. ಆದರೆ ನೀನು ನೋಡಿಕೊಳ್ಳುವ ನಿಜವಾದ ರೋಗಿಗಳ ಒಂದು ಕೂದಲೂ ಕಥೆಗೆ ಬರಬಾರದು. ಊರು ಬದಲಿಸು, ಕಾಯಿಲೆ ಬದಲಿಸು, ಎಲ್ಲ ಕಟ್ಟಿ ಬರಿ.

ಭಾಷೆಯನ್ನು ಮಾತ್ರ ಬಿಡಬೇಡ. 2021ರ ಜನಗಣತಿಯಲ್ಲಿ ವೆಲ್ಷ್ ಬಲ್ಲವರು ಸುಮಾರು 5 ಲಕ್ಷ 38 ಸಾವಿರ, ನೂರಕ್ಕೆ 17.8 ಮಂದಿ. 2050ರ ಹೊತ್ತಿಗೆ ಹತ್ತು ಲಕ್ಷ ಮಾಡಬೇಕು ಅಂತ ಅಲ್ಲಿಯ ಸರ್ಕಾರ ಗುರಿ ಇಟ್ಟುಕೊಂಡಿದೆ. ಹತ್ತೊಂಬತ್ತನೇ ಶತಮಾನದಲ್ಲಿ ಕೆಲವು ಶಾಲೆಗಳಲ್ಲಿ ವೆಲ್ಷ್ ಆಡಿದ ಮಗುವಿನ ಕುತ್ತಿಗೆಗೆ ಮರದ ಹಲಗೆ ನೇತು ಹಾಕುತ್ತಿದ್ದರು. ನಾನು ಓದಿದ ಶಾಲೆಯಲ್ಲಿ ಕನ್ನಡ ಆಡಿದರೆ ದಂಡ ಇತ್ತು, ಐವತ್ತು ಪೈಸೆ. ಆ ಹಲಗೆಯ ಚಿತ್ರ ನೋಡಿದಾಗ ಕೈಯಲ್ಲಿ ಆ ನಾಣ್ಯ ಇದ್ದ ಹಾಗೇ ಆಯಿತು. ನಿನ್ನ ಕಥೆಯ ಅಜ್ಜ ಎಂಬತ್ತು ದಾಟಿದವನಾದರೆ, ನೋವು ಜಾಸ್ತಿಯಾದಾಗ ಇಂಗ್ಲಿಷ್ ಮರೆತು ವೆಲ್ಷ್‌ನಲ್ಲೇ ಏನೋ ಹೇಳಿಬಿಡಬಹುದು. ಕೇಳಿಸಿಕೊಂಡವಳು ನರ್ಸ್ ಒಬ್ಬಳೇ. ಅರ್ಥ ಆಗಲಿಲ್ಲ, ಸದ್ದು ಮಾತ್ರ ನೆನಪಿದೆ. ಅದನ್ನು ಕನ್ನಡ ಅಕ್ಷರದಲ್ಲಿ ಔಷಧಿ ಚೀಟಿಯ ಹಿಂದೆ ಬರೆದುಕೊಂಡಳು ಅನ್ನು. ಅಲ್ಲಿಂದ ಕಥೆ ಹೊರಡುತ್ತದೆ.

ಇಲ್ಲಾಂದ್ರೆ ಒಂದು ಬೆದರಿಕೆ ಪತ್ರ ಇಡು. ವೆಲ್ಷ್‌ನಲ್ಲಿ ಬರೆದದ್ದು. 'ಡ' ಆಗಬೇಕಾದ ಕಡೆ 'ಟ' ಉಳಿದಿದೆ, ಆ ಗೋಡೆಯ ಹಾಗೆ. ಮಳೆಗಾಲ ಅನ್ನುವ ಕಡೆ ಮಳೆಕಾಲ ಅಂತ ಬರೆದರೆ ನಮಗೆ ತಕ್ಷಣ ಕಣ್ಣಿಗೆ ಚುಚ್ಚುತ್ತದಲ್ಲ, ಹಾಗೆ. ಬರೆದವರು ಭಾಷೆಯನ್ನು ಪುಸ್ತಕದಿಂದ ಕಲಿತವರು ಅನ್ನುವ ಅನುಮಾನ ಬರುತ್ತದೆ. ಆದರೆ ಈಗಿನ ಹುಡುಗರು ಅಲ್ಲಿಯೇ ಹುಟ್ಟಿದವರೂ ಇದನ್ನು ಬಿಟ್ಟು ಮಾತಾಡುವುದುಂಟು. ಆದ್ದರಿಂದ ಅನುಮಾನ ಮೊದಲು ತಪ್ಪು ಮನುಷ್ಯನ ಮೇಲೆ ಬೀಳಲಿ. ಬರೆಯುವ ಮುಂಚೆ ನಿನ್ನ ರೌಂಡಿನಲ್ಲಿ ಸಿಗುವ ಹಿರಿಯರ ಹತ್ತಿರ ಕೂತು ಒಂದೊಂದು ಪದವನ್ನೂ ಕೇಳಿ ತಿದ್ದಿಕೋ. ಅವರು ಖುಷಿಯಿಂದ ಹೇಳುತ್ತಾರೆ.

ಐಸ್ಟೆದ್‌ವೊಡ್‌ಗೆ ಹೋಗಿದ್ದೀಯಾ? ಆಗಸ್ಟಿನಲ್ಲಿ ನಡೆಯುವ ಅವರ ದೊಡ್ಡ ಸಾಹಿತ್ಯ ಜಾತ್ರೆ. ಕವಿಗಳು ಗುಪ್ತನಾಮದಲ್ಲಿ ಕವಿತೆ ಕಳಿಸುತ್ತಾರೆ. ವೇದಿಕೆಯಿಂದ ಆ ಗುಪ್ತನಾಮ ಕೂಗಿದಾಗ ಗೆದ್ದವರು ಜನರ ನಡುವಿನಿಂದ ಎದ್ದು ನಿಲ್ಲಬೇಕು, ಅಲ್ಲಿಯವರೆಗೆ ಯಾರೆಂದು ಸಭೆಗೆ ಗೊತ್ತಿರುವುದಿಲ್ಲ. 1917ರಲ್ಲಿ (ಆ ವರ್ಷ ಜಾತ್ರೆ ಸೆಪ್ಟೆಂಬರಿನಲ್ಲಿ ನಡೆಯಿತು) ಕಹಳೆ ಊದಿ ಕೂಗಿದರು, ಯಾರೂ ಏಳಲಿಲ್ಲ. ಗೆದ್ದವನು ಟ್ರೌಸ್‌ವನಿದ್ ಎಂಬ ಊರಿನ ಕುರಿ ಸಾಕುವ ಮನೆಯ ಹುಡುಗ, ಹೆದ್ ವಿನ್ ಎಂಬ ಹೆಸರಲ್ಲಿ ಬರೆಯುತ್ತಿದ್ದವನು. ಐದು ವಾರದ ಹಿಂದೆಯೇ, ಜುಲೈ 31ರಂದು, ಬೆಲ್ಜಿಯಂನ ಯುದ್ಧಭೂಮಿಯಲ್ಲಿ ಸತ್ತಿದ್ದ. ಅವನಿಗೆ ಬಹುಮಾನವಾಗಿ ಕೊಡಬೇಕಿದ್ದ ಕುರ್ಚಿಗೆ ಕಪ್ಪು ಬಟ್ಟೆ ಹೊದಿಸಿದರು. ಅವನ ಮನೆಯ ಹೆಸರು ಎವನ್ಸ್. ಹೆಸರು ಕೂಗಿದಾಗ ಯಾರೂ ಏಳದ ಆ ಮೌನ ನಿನ್ನ ಕಥೆಯಲ್ಲಿ ಎಲ್ಲಾದರೂ ಒಂದು ಕಡೆ ಇರಲಿ. ಮೊದಲ ಅಧ್ಯಾಯ ಮುಗಿದ ಕೂಡಲೇ ನನಗೆ ಕಳಿಸು.

ಪ್ರಶ್ನೆ: ಕ್ಯಾಡ್‌ಫೈಲ್ ಪುಸ್ತಕಗಳನ್ನು ಕ್ರಮವಾಗಿಯೇ ಓದಬೇಕಾ? ಎಷ್ಟಿವೆ? (ಬೆಂಗಳೂರು)

ಉತ್ತರ: ಕಾದಂಬರಿಗಳು ಇಪ್ಪತ್ತು, 1977ರಿಂದ 1994ರವರೆಗೆ ಬಂದವು. ಮೊದಲ ಎರಡನ್ನು ಕ್ರಮವಾಗಿ ಓದಿ, ಯಾಕಂದ್ರೆ ಎರಡನೆಯದರಲ್ಲಿ ಸಿಗುವ ಹ್ಯೂ ಬೆರಿಂಗರ್ ಎಂಬ ಗೆಳೆಯ ಕೊನೆಯವರೆಗೂ ಜೊತೆಗಿರುತ್ತಾನೆ, ಅವನು ನಂಬಿಕಸ್ತನೋ ಅಲ್ಲವೋ ಅಂತ ಗೊತ್ತಿಲ್ಲದೆ ಮೊದಲ ಸಲ ನೋಡುವುದೇ ಚೆಂದ. ಆಮೇಲೆ ಯಾವುದು ಸಿಕ್ಕರೆ ಅದು. ಹೆಚ್ಚಿನವು ಶ್ರೂಸ್‌ಬರಿಯಲ್ಲೇ ನಡೆಯುತ್ತವೆ. ವೇಲ್ಸ್‌ನದೇ ಬೇಕು ಅಂದರೆ ಹದಿನೆಂಟನೆಯದಾದ 'ದಿ ಸಮ್ಮರ್ ಆಫ್ ದಿ ಡೇನ್ಸ್' ತೆಗೆದುಕೊಳ್ಳಿ. ಅದರಲ್ಲೂ ಅವನು ಹೊರಡುವುದು ಭಾಷೆ ಬಲ್ಲವನು ಎಂಬ ಕಾರಣಕ್ಕೇ.